ಚಿಕ್ಕಪ್ಪನ ಮೂಗಿನ ಅಪೀಲು

ನಮ್ಮ ಚಿಕ್ಕಪ್ಪನಿಗೆ ಮೂಗಿಲ್ಲ ಎಂದರೆ ನೀವು ನಂಬಲಿಕ್ಕಿಲ್ಲ. ನಂಬಬೇಡಿ! ಮುಖದ ನಟ್ಟನಡುವೆ ಇಬ್ಬರಿಗೆ ಸಾಲುವಷ್ಟು ದೊಡ್ಡ ಮೂಗೇ ಇದೆ. ಆದರೆ ಅದು ಬದುಕಿದೆಯೋ ಸತ್ತಿದೆಯೋ ಎಂದು ತೀರ್ಮಾನಿಸಲು ಎರಡು ಕೋರ್ಟುಗಳಿಗೆ ವರ್ಷಗಟ್ಟಲೆ ಹಿಡಿಯಿತು.

ಶಿರಾಳಕೊಪ್ಪದ ಸುತ್ತಮುತ್ತ ಮದುವೆಯೆಂದರೆ ಅಡುಗೆ ಅವರದೇ. ಸಾರನ್ನು ಎಂದೂ ನಾಲಿಗೆಗೆ ತಾಗಿಸಿದವರಲ್ಲ. ಕೊಪ್ಪರಿಗೆಯ ಮೇಲೆ ಬಗ್ಗಿ ಒಮ್ಮೆ ಉಸಿರೆಳೆದು, "ಉಪ್ಪು ಒಂದು ಹಿಡಿ ಕಮ್ಮಿ ಐತಿ" ಎನ್ನುತ್ತಿದ್ದರು. ಉಪ್ಪಿಗೆಲ್ಲಿಯ ವಾಸನೆ? ಕೇಳಿದರೆ, "ಅದು ನಿನ್ನ ಮೂಗಿಗೆ ತಿಳಿಯಂಗಿಲ್ಲ ಬಿಡವ್ವ" ಎಂದು ನನ್ನ ಮೂಗಿಗೇ ಅವಮಾನ!

ಜಡೆ ಎಂಬ ಊರಿನಲ್ಲಿ ಒಂದು ಮದುವೆ ಮುಗಿಸಿ, ಯಾರದೋ ಬೈಕಿನ ಹಿಂದೆ ಕೂತು ಬರುವಾಗ ಟೆಂಪೋ ಗುದ್ದಿತು. ಕೈ ಮುರಿಯಿತು, ತಲೆಗೆ ಪೆಟ್ಟಾಯಿತು. ಮೂರನೆಯ ದಿನ ಆಸ್ಪತ್ರೆಯಲ್ಲಿ ಕಣ್ಣು ಬಿಟ್ಟು ಸುತ್ತ ನೋಡಿದರು.

"ಎಷ್ಟು ಸ್ವಚ್ಛ ಇಟ್ಟಾರ ನೋಡವ್ವ, ಒಂದಿಷ್ಟೂ ವಾಸನೆ ಇಲ್ಲ!"

ನಾನು ಸೆರಗಿನಿಂದ ಮೂಗು ಮುಚ್ಚಿಕೊಂಡು ನಿಂತಿದ್ದೆ.

ಕೈ ಕೂಡಿಕೊಂಡಿತು. ವಾಸನೆ ಮರಳಲಿಲ್ಲ. ಮುಂದಿನ ಮದುವೆಯಲ್ಲಿ ಪಾಯಸ ತಳ ಹಿಡಿದು, ಸೀದ ವಾಸನೆ ಧಾರೆ ಮಂಟಪದವರೆಗೆ ಹೋಗಿ ಪುರೋಹಿತರೂ ಮಂತ್ರ ನಿಲ್ಲಿಸಿದರಂತೆ. ಚಿಕ್ಕಪ್ಪ ಒಲೆಯ ಪಕ್ಕದಲ್ಲೇ ನೆಮ್ಮದಿಯಾಗಿ ಗೋಡಂಬಿ ಸೀಳುತ್ತಿದ್ದರು. ಆಮೇಲೆ ಅವರನ್ನು ಅಡುಗೆಗೆ ಕರೆಯುವವರೇ ಇಲ್ಲವಾದರು.

ಅಪಘಾತದ ಕೇಸು ಹಾಕಿದೆವು. ಕೋರ್ಟು ಕೈಗೆ ಪರಿಹಾರ ಕೊಟ್ಟಿತು. ಮೂಗಿಗೆ ಕೊಡಲಿಲ್ಲ.

"ಕೈಗೆ ಎಕ್ಸ್‌ರೇ ಐತ್ರಿ. ಮೂಗಿಗೆ ಏನು ತೋರ್ಸೋಣ?" ಎಂದರು ನಮ್ಮ ವಕೀಲರು.

"ಮೂಗನ್ನೇ ತೋರ್ಸಿ! ಮ್ಯಾಲಿನ ಕೋರ್ಟಿಗೆ ಅಪೀಲು ಹಾಕ್ರಿ" ಎಂದರು ಚಿಕ್ಕಪ್ಪ.

ಹೈಕೋರ್ಟು ಬಹಳ ಕಾಲದ ನಂತರ, ತಜ್ಞ ವೈದ್ಯರ ಸಾಕ್ಷ್ಯ ಪಡೆದು ಮತ್ತೆ ವಿಚಾರಣೆ ಮಾಡಿ ಎಂದು ಕೆಳಗಿನ ಕೋರ್ಟಿಗೆ ಹೇಳಿತು. ಟೀಚರಾದ ನಾನೇ ಶಾಲೆಗೆ ರಜೆ ಹಾಕಿ ಅವರನ್ನು ಶಿವಮೊಗ್ಗದ ಡಾಕ್ಟರ ಬಳಿ ಕರೆದೊಯ್ದೆ. ಡಾಕ್ಟರು ಕಣ್ಣು ಮುಚ್ಚಲು ಹೇಳಿ, ಒಂದು ಬಾಟಲಿಯನ್ನು ಅಲುಗಿಸಿ ಮೂಗಿಗೆ ಹಿಡಿದರು.

"ಕಾಫಿ ಪುಡಿ!"

ಇನ್ನೊಂದು.

"ಕರ್ಪೂರ!"

"ಯಜಮಾನ್ರೇ, ನಿಮ್ಮ ಮೂಗು ನನ್ನ ಮೂಗಿಗಿಂತ ಗಟ್ಟಿ ಇದೆ" ಎಂದು ಡಾಕ್ಟರು ಪೆನ್ನು ಮುಚ್ಚಿದರು.

ಬಸ್‌ಸ್ಟ್ಯಾಂಡಿನಲ್ಲಿ ನಾನು ಸಿಟ್ಟಿನಿಂದ ಕುದಿಯುತ್ತಿದ್ದೆ. "ಇಷ್ಟು ವರ್ಷ ಸುಳ್ಳು ಹೇಳಿದ್ರಾ ಚಿಕ್ಕಪ್ಪ?"

ಅವರು ತಲೆ ತಗ್ಗಿಸಿದರು. "ವಾಸನೆ ಎಲ್ಲಿ ಬಂತವ್ವ? ಬಾಟ್ಲಿ ಅಲುಗಿಸಿದ್ದು ಕಿವಿಗೆ ಕೇಳ್ತು. ಪುಡಿ ಸಪ್ಪಳ ಬ್ಯಾರೆ, ಕರ್ಪೂರದ ಬಿಲ್ಲೆ ಸಪ್ಪಳ ಬ್ಯಾರೆ. ಅಡಿಗಿ ಮಾಡೋನು ನಾನು. ಕಾಫಿ ಪುಡಿ ಗೊತ್ತಿಲ್ಲ ಅಂತ ಹೆಂಗ ಹೇಳ್ಲಿ?"

ಅಲ್ಲಿಂದಲೇ ಅವರನ್ನು ತಿರುಗಿಸಿಕೊಂಡು ಹೋಗಿ ಡಾಕ್ಟರಿಗೆ ಎಲ್ಲ ಹೇಳಿದೆ. ಈ ಸಲ ಬಾಟಲಿ ಇರಲಿಲ್ಲ, ವಾಸನೆ ಹಚ್ಚಿದ ಹತ್ತಿಯ ತುಂಡುಗಳು. ಹತ್ತಿಗೆಲ್ಲಿಯ ಸಪ್ಪಳ? ಚಿಕ್ಕಪ್ಪ ಕಣ್ಣು ಮುಚ್ಚಿ, ಎದೆಯುಬ್ಬಿಸಿ ಎಳೆದರು. ಮತ್ತೆ ಎಳೆದರು. ಕೊನೆಯದು ಇಂಗು. ದೂರದ ಕುರ್ಚಿಯಲ್ಲಿದ್ದ ನನ್ನ ತಲೆಗೇ ಅದು ಏರಿತ್ತು.

"ಗೊತ್ತಾಗ್ತಿಲ್ಲ ಸಾರ್" ಎಂದರು. ಅಡುಗೆಯ ಸಾಮಾನಿನ ವಿಷಯದಲ್ಲಿ ಆ ಮಾತು ಅವರ ಬಾಯಿಂದ ಬಂದದ್ದನ್ನು ನಾನು ಕೇಳಿದ್ದು ಅದೇ ಮೊದಲು.

ಮರುವಿಚಾರಣೆಯಲ್ಲಿ ಗೆದ್ದೆವು. ಪರಿಹಾರ ಹೆಚ್ಚಾಯಿತು. ಸುದ್ದಿ ಹೇಳಲು ಓಡಿದೆ. ಚಿಕ್ಕಪ್ಪ ಹಿಗ್ಗಲಿಲ್ಲ. "ಹೂಂ" ಎಂದು ಒಳಗೆ ಹೋಗಿ ಪೆಟ್ಟಿಗೆಯಿಂದ ಒಂದು ಬಟ್ಟೆಯ ಸಂಚಿ ತಂದರು. ಅಪಘಾತಕ್ಕೆ ಒಂದು ವರ್ಷ ಮೊದಲೇ ತೀರಿಕೊಂಡ ಚಿಕ್ಕಮ್ಮನ ಎಲೆ ಅಡಿಕೆ ಸಂಚಿ.

"ಇದರಾಗ ಆಕಿ ವಾಸನೆ ಇತ್ತು. ಲವಂಗ, ಕಾಚು, ಹೊಗೆಸೊಪ್ಪು. ಆಕ್ಸಿಡೆಂಟಾದ ಮ್ಯಾಲೆ ನನಗೆ ಸಿಗವಲ್ದು. ನೀನು ನೋಡಿ ಹೇಳವ್ವ, ಇನ್ನೂ ಐತಾ?"

ಸಂಚಿಯ ಬಾಯಿ ಬಿಚ್ಚಿ ಮೂಸಿದೆ. ಹಳೆಯ ಬಟ್ಟೆಯ ಧೂಳಿನ ವಾಸನೆ ಬಿಟ್ಟರೆ ಏನೂ ಇರಲಿಲ್ಲ.

"ಐತಿ ಚಿಕ್ಕಪ್ಪ. ಹಂಗೇ ಐತಿ."

ಅವರು ಗಾಬರಿಯಿಂದ ಸಂಚಿಯನ್ನು ಕಸಿದುಕೊಂಡು ದಾರ ಬಿಗಿದರು.

"ಸಾಕು, ಸಾಕು. ಭಾಳ ಹೊತ್ತು ಬಿಚ್ಚಿಡಬ್ಯಾಡ, ಹೋಗಿಬಿಡ್ತೈತಿ."