ಹನ್ನೊಂದನೇ ನಡೆಯವರೆಗಿನ ವಿದ್ಯೆ

ಪುಸ್ತಕ ಬರೆಯುವವರ ಮೇಲೆ ನನಗಿರುವಷ್ಟು ಸಿಟ್ಟು ಇನ್ನಾರ ಮೇಲೂ ಇಲ್ಲ. ಮದುವೆಯಾಗಿ ಇಪ್ಪತ್ತೆರಡು ವರ್ಷವಾದರೂ ನಮ್ಮ ಮನೆಯವರ ಮೇಲೆ ಕೂಡ ಇಷ್ಟು ಬಂದಿಲ್ಲ. ಅಡುಗೆ ಪುಸ್ತಕದವರನ್ನೇ ನೋಡಿ. ಎಣ್ಣೆ ಎಷ್ಟು ಚಮಚ, ಜೀರಿಗೆ ಎಷ್ಟು ಚಿಟಿಕೆ ಎಂದು ಲೆಕ್ಕ ಹಾಕಿ ಹೇಳಿ, ಮುಖ್ಯವಾದದ್ದು ಬಂದಾಗ ‘ಉಪ್ಪು ರುಚಿಗೆ ತಕ್ಕಷ್ಟು’ ಎಂದು ಬರೆದು ಕೈ ತೊಳೆದುಕೊಳ್ಳುತ್ತಾರೆ. ರುಚಿಗೆ ತಕ್ಕಷ್ಟು ಹಾಕಲು ನನಗೆ ಬರುತ್ತಿದ್ದರೆ ನಿನ್ನ ಪುಸ್ತಕವನ್ನು ಯಾಕೆ ಕೊಳ್ಳುತ್ತಿದ್ದೆ ಮಹಾರಾಯ? ಆದರೂ ಅವರನ್ನು ಕ್ಷಮಿಸಬಹುದು; ಉಪ್ಪು ಹೆಚ್ಚಾದರೆ ಒಂದು ಹೊತ್ತಿನ ಊಟ ಕೆಡುತ್ತದೆ, ಅಷ್ಟೇ. ಚೆಸ್ ಓಪನಿಂಗ್ ಪುಸ್ತಕ ಬರೆಯುವವರನ್ನು ಮಾತ್ರ ಕ್ಷಮಿಸಲಾರೆ. ಆಟದ ಮೊದಲ ಹತ್ತು ಹದಿನೈದು ನಡೆ ಹೇಗಿರಬೇಕೆಂದು ಮುನ್ನೂರು ಪುಟ ಬರೆಯುತ್ತಾರೆ. ನಾವು ಉಸಿರು ಬಿಗಿಹಿಡಿದು ಹಿಂದೆ ಹಿಂದೆ ಹೋದರೆ ಕೊನೆಗೆ ‘ಇಲ್ಲಿ ಬಿಳಿಗೆ ಮೇಲುಗೈ’ ಎಂದು ಒಂದು ಸಾಲು ಎಸೆದು ಎದ್ದು ಹೋಗುತ್ತಾರೆ. ಮೇಲುಗೈ ಯಾಕೆ, ಅದನ್ನಿಟ್ಟುಕೊಂಡು ಮುಂದೆ ಏನು ಮಾಡಲಿ ಎಂದು ಕೇಳೋಣವೆಂದರೆ ಆಸಾಮಿ ಅಲ್ಲಿಲ್ಲ, ಮುಂದಿನ ಅಧ್ಯಾಯಕ್ಕೆ ಹೋಗಿಬಿಟ್ಟಿದ್ದಾನೆ.

ನಾನು ಹುಮನಾಬಾದಿನ ಒಂದು ಸರಕಾರಿ ಹೈಸ್ಕೂಲಿನಲ್ಲಿ ಗಣಿತದ ಮೇಡಂ. ಮನೆ ಬಸವಕಲ್ಯಾಣದಲ್ಲಿ. ದಿನಾ ಬೆಳಿಗ್ಗೆ ಎಂಟೂ ಹತ್ತರ ಬಸ್ಸಿಗೆ ಹೋಗಿ ಸಂಜೆ ವಾಪಸ್ ಬರುತ್ತೇನೆ. ಐದು ವರ್ಷದ ಹಿಂದೆ ನಮ್ಮ ಹೆಡ್‌ಮಾಸ್ತರರು ಮಕ್ಕಳಿಗೆ ಚೆಸ್ ಕಲಿಸುವ ಕೆಲಸವನ್ನು ನನ್ನ ಕೊರಳಿಗೆ ಕಟ್ಟಿದರು. ‘ಗಣಿತದವರಿಗೆ ಚೆಸ್ ಬರಲಿಕ್ಕೇ ಬೇಕು’ ಎಂಬುದು ಅವರ ತರ್ಕ. ಹಾಗಾದರೆ ವಿಜ್ಞಾನದವರು ಹೆಡ್‌ಮಾಸ್ತರರ ಸ್ಕೂಟರ್ ರಿಪೇರಿ ಮಾಡಬೇಕಾಗಿತ್ತು. ಅದನ್ನು ಹೇಳಲಿಲ್ಲ, ಕಾಯಿ ಅಂಟಿಕೊಳ್ಳುವ ಒಂದು ಸಣ್ಣ ಬೋರ್ಡು ತಂದು, ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ನನ್ನಷ್ಟಕ್ಕೆ ಅಭ್ಯಾಸ ಮಾಡುತ್ತಿದ್ದೆ. ಆಗ ಹಿಂದಿನ ಸೀಟಿನಿಂದ ಒಂದು ಧ್ವನಿ ಬಂತು. “ಒಬ್ಬರೇ ಯಾಕ ಆಡಾಕತ್ತೀರಿ ಮೇಡಂ? ಒಂದು ಕೈ ಆಗ್ಲಿ ಏನ್ರಿ?”

ಅವರೇ ಮಾಣಿಕಪ್ಪ ಕಾಕಾ. ಮೋರಖಂಡಿ ಹಳ್ಳಿಯವರು, ಹುಮನಾಬಾದಿನ ದನದ ದವಾಖಾನೆಯಲ್ಲಿ ಜವಾನರು. ಚಿಕ್ಕಂದಿನಲ್ಲಿ ಕುರಿ ಕಾಯುವಾಗ ಹಾಸುಬಂಡೆಯ ಮೇಲೆ ಇದ್ದಿಲಿನಲ್ಲಿ ಮನೆ ಬರೆದು, ಹರಳನ್ನು ವಜೀರ ಮಾಡಿ, ಕುರಿ ಹಿಕ್ಕಿಯನ್ನು ಪ್ಯಾದೆ ಮಾಡಿ ಆಡಿದವರು. ಅವರ ಆಟದಲ್ಲಿ ಪ್ಯಾದೆ ಯಾವಾಗಲೂ ಒಂದೇ ಮನೆ ನಡೆಯುತ್ತಿತ್ತು. ಮೊದಲ ಸಲ ಎರಡು ಮನೆ ಹೋಗಬಹುದು, ರಾಜ ಆನೆಯ ಹಿಂದೆ ಅಡಗಿ ಕೋಟೆ ಕಟ್ಟಿಕೊಳ್ಳಬಹುದು ಎಂಬುದನ್ನೆಲ್ಲ ಅವರಿಗೆ ಹೇಳಿಕೊಟ್ಟವಳು ನಾನು. ಮರುದಿನವೇ ನನ್ನನ್ನು ಸೋಲಿಸಿದರು. ಗುರುವಿಗೇ ತಿರುಮಂತ್ರ. ಅಂದಿನಿಂದ ಐದು ವರ್ಷ, ರಜೆಯ ದಿನ ಬಿಟ್ಟು ದಿನಾ ಸೋತಿದ್ದೇನೆ. ಒಂದು ಆಟ, ಬರೇ ಒಂದು ಆಟ ಗೆಲ್ಲಬೇಕು ಎಂಬ ಹಟ ನನಗೆ ಹಿಡಿಯಿತು. ಹೆಣ್ಣುಮಕ್ಕಳು ಬಂಗಾರಕ್ಕೆ ಆಸೆಪಡುತ್ತಾರೆ ಅನ್ನುತ್ತಾರೆ, ಯಾರಿಗೆ ಬೇಕಾಗಿದೆ ಬಂಗಾರ.

ನಮ್ಮ ಬಸ್ಸಿನ ಆಟಕ್ಕೆ ಒಂದು ಕಾಯ್ದೆ ಇತ್ತು. ಬಸ್ಸು ಹುಮನಾಬಾದ್ ಸ್ಟ್ಯಾಂಡಿಗೆ ಬಂದು ನಿಂತಾಗ ಯಾರ ಆಟ ಮೇಲಿದೆಯೋ ಅವರು ಗೆದ್ದಂತೆ. ಕಂಡಕ್ಟರ್ ಶಿವರಾಜನೇ ಪಂಚ. ಅಂದಮೇಲೆ ಆಟ ಇಪ್ಪತ್ತು ನಡೆ ದಾಟುವುದೇ ಕಡಿಮೆ. ನಾನು ಗಣಿತದವಳು, ಲೆಕ್ಕ ಹಾಕಿದೆ: ಇಂಥ ಆಟದಲ್ಲಿ ಆರಂಭವೇ ಎಲ್ಲ. ಹಾಗಾಗಿ ಕಲಬುರಗಿಗೆ ಹೋದಾಗ ಒಂದು ಓಪನಿಂಗ್ ಪುಸ್ತಕ ತಂದೆ. ಒಂದು ನಾಲ್ಕಾಯಿತು. ಅವುಗಳಲ್ಲೆಲ್ಲ ಒಂದೇ ಉಪದೇಶ: ‘ನಿಮ್ಮದೇ ಒಂದು ರೆಪರ್ಟರಿ ಕಟ್ಟಿಕೊಳ್ಳಿ.’ ರೆಪರ್ಟರಿ ಎಂದರೆ ಬಿಳಿ ಕಾಯಿ ಬಂದರೆ ಈ ಓಪನಿಂಗು, ಕಪ್ಪು ಬಂದರೆ ಆ ಓಪನಿಂಗು ಎಂದು ಮೊದಲೇ ಗಟ್ಟಿ ಮಾಡಿಟ್ಟುಕೊಳ್ಳುವುದು. ಈ ಮಾತು ನನಗೆ ಹಿಡಿಸಿತು. ಅಡುಗೆಯಲ್ಲೂ ನಾನು ಹಾಗೆಯೇ, ಬೀಗರು ಬಂದರೆ ಹೋಳಿಗೆ, ಮನೆಯವರಿಗೆ ಜುಣಕ. ಬಿಳಿಗೆ ಲಂಡನ್, ಕಪ್ಪಿಗೆ ಸಿಸಿಲಿಯನ್ ಎಂದು ಆರಿಸಿಕೊಂಡೆ. ಲಾತೂರಿನಾಚೆ ಕಾಲಿಡದವಳಿಗೆ ಸಿಸಿಲಿ ಯಾವ ದಿಕ್ಕಿಗಿದೆ ಎಂದು ಇವತ್ತಿಗೂ ಗೊತ್ತಿಲ್ಲ. ಬಸ್ಸಿನ ಧೂಳಿಗೆ ಹಾಳಾಗದಿರಲೆಂದು ನಾಲ್ಕೂ ಪುಸ್ತಕಕ್ಕೆ ಖಾಕಿ ರಟ್ಟು ಹಾಕಿ, ಮುಖ್ಯ ನಡೆಗಳ ಕೆಳಗೆ ಪೆನ್ಸಿಲಿನಿಂದ ಗೀಟು ಎಳೆದು, ದಿನಾ ಬೆಳಿಗ್ಗೆ ರೊಟ್ಟಿ ಬಡಿಯುತ್ತ ಬಾಯಿಪಾಠ ಮಾಡಿದೆ. ‘ನಾನು ಪ್ಯಾದೆ, ಅವರು ಕುದುರೆ, ನಾನು ಒಂಟೆ, ಅವರು ಪ್ಯಾದೆ.’ ನಮ್ಮ ಮನೆಯವರದು ಮೋಟಾರ್ ವೈಂಡಿಂಗ್ ಅಂಗಡಿ. ದಿನಾ ಸಂಜೆ ಅಂಗಡಿಯ ಮುಂದೆ ಹಾದು ಬರುವಾಗ ತಾಮ್ರದ ತಂತಿ ಸುತ್ತುತ್ತಲೇ ಕೇಳುತ್ತಿದ್ದರು, “ಇವತ್ತು ಪಾಸೋ ಫೇಲೋ?” ಉತ್ತರ ಗೊತ್ತಿದ್ದೇ ಕೇಳುವವರಿಗೆ ಏನು ಹೇಳುವುದು.

ಬಾಯಿಪಾಠದಲ್ಲಿ ತಪ್ಪಿರಲಿಲ್ಲ. ತಪ್ಪು ಕಾಕಾನದು. ನಾಲ್ಕನೇ ನಡೆಯಲ್ಲಿ ಅವರು ಕುದುರೆ ತೆಗೆಯಬೇಕು ಎಂದು ಪುಸ್ತಕ ಹೇಳಿದರೆ, ಅವರು ಅಂಚಿನ ಪ್ಯಾದೆಯನ್ನು ಒಂದು ಮನೆ ತಳ್ಳಿ ಶೇಂಗಾ ಸುಲಿಯುತ್ತ ಕೂರುತ್ತಿದ್ದರು. “ಕಾಕಾ, ಇದು ಎಲ್ಲಿಯ ನಡೆ?” ಎಂದರೆ, “ಮೋರಖಂಡಿದು ಅನ್ಕೋರಿ” ಎನ್ನುತ್ತಿದ್ದರು. ಅಲ್ಲಿಗೆ ನನ್ನ ವಿದ್ಯೆ ಮುಗಿಯುತ್ತಿತ್ತು. ಮನೆಗೆ ಬಂದು ಪುಸ್ತಕ ತಿರುವಿದರೆ ಇರುವೆಯಂಥ ಅಕ್ಷರದಲ್ಲಿ ಒಂದು ಅಡಿಟಿಪ್ಪಣಿ: ‘ಬೇರಾವ ನಡೆ ಬಂದರೂ ಬಿಳಿ ಸುಲಭವಾಗಿ ಗೆಲ್ಲುತ್ತದೆ.’ ಸುಲಭವಾಗಿ ಅಂತೆ. ಬಾ, ಎಂಟೂ ಹತ್ತರ ಬಸ್ಸಿಗೆ ಬಂದು ಕೂತು ಗೆದ್ದು ತೋರಿಸು. ಅರ್ಧ ದಾರಿಯಲ್ಲಿ ನಿನಗೂ ಶೇಂಗಾ ಕೊಟ್ಟು ಸಮಾಧಾನ ಮಾಡುತ್ತಾರೆ ನಮ್ಮ ಕಾಕಾ.

ಈ ಸಿಟ್ಟು ಎಲ್ಲಿ ಇಳಿಯಬೇಕೋ ಅಲ್ಲಿ ಇಳಿಯುತ್ತಿತ್ತು. ಬಸ್ಸಿನಿಂದ ಇಳಿದು ಹತ್ತನೇ ಕ್ಲಾಸಿಗೆ ಹೋದರೆ ಅಲ್ಲಿ ಗೈಡುಗಳ ಕಾಟ. ಈಗಿನ ಮಕ್ಕಳು ಪಾಠದ ಪುಸ್ತಕ ಮುಟ್ಟುವುದಿಲ್ಲ, ಗೈಡಿನ ಉತ್ತರ ಉರು ಹೊಡೆಯುತ್ತಾರೆ. ಬೋರ್ಡಿನ ಮೇಲೆ ಲೆಕ್ಕ ಸರಿಯಾಗಿ ಬಿಡಿಸಿದವಳನ್ನು ‘ಈ ಹಂತ ಯಾಕೆ ಬಂತು ಹೇಳವ್ವ’ ಎಂದರೆ, “ಗೈಡಿನ್ಯಾಗ ಹಂಗ ಅದರಿ ಮೇಡಂ” ಎನ್ನುತ್ತಾಳೆ. ಪರೀಕ್ಷೆಯಲ್ಲಿ ಎರಡರ ಬದಲು ಮೂರು ಎಂಬ ಅಂಕಿ ಬಂದರೆ ಪೆನ್ನು ಕಚ್ಚುತ್ತ ಕಿಟಕಿಯ ಕಡೆ ನೋಡುತ್ತಾರೆ. ನನಗೆ ಮೈಯೆಲ್ಲ ಉರಿಯುತ್ತದೆ. ಈ ವರ್ಷ ಒಂದೇ ದಿನ ಮೂವತ್ತೊಂದು ಗೈಡು ಕಸಿದು ಸ್ಟಾಫ್ ರೂಮಿನ ಕಪಾಟಿನಲ್ಲಿಟ್ಟು ಕೀಲಿ ಹಾಕಿದೆ. ಅರ್ಥವಾಗದೆ ಕಲಿತದ್ದು ವಿದ್ಯೆಯೇ ಅಲ್ಲ ಎಂದು ಮುಕ್ಕಾಲು ತಾಸು ಭಾಷಣವನ್ನೂ ಮಾಡಿದೆ.

ಹೀಗಿರುವಾಗ ಈ ಜನವರಿ ಕೊನೆಗೆ ಕಾಕಾನ ನಿವೃತ್ತಿ ಬಂತು. ಕೊನೆಯ ದಿನದ ಬಸ್ಸು ಹತ್ತುವಾಗಲೂ ಬಾಯಿಪಾಠ ಒಪ್ಪಿಸಿಕೊಳ್ಳುತ್ತಿದ್ದೆ. ಇವತ್ತು ಗೆಲ್ಲದಿದ್ದರೆ ಮುಂದೆಂದೂ ಇಲ್ಲ. ಅವರು ಇಸ್ತ್ರಿ ಮಾಡಿದ ಬಿಳಿ ಅಂಗಿ ಹಾಕಿಕೊಂಡು ಬಂದು ಎದುರು ಕೂತರು. ನಾನು ಕೇಳದೇ ಬಿಳಿ ಕಾಯಿ ತೆಗೆದುಕೊಂಡೆ. ಮೊದಲ ನಡೆ ಆಡಿದೆ, ಅವರು ಪುಸ್ತಕದ ನಡೆ ಆಡಿದರು. ಎರಡನೆಯದು, ಅದೂ ಪುಸ್ತಕದ್ದೇ. ನಾಲ್ಕನೆಯದಕ್ಕೆ ಅವರ ಕೈಯನ್ನೇ ನೋಡಿದೆ. ಅಂಚಿನ ಪ್ಯಾದೆ ಮುಟ್ಟದೆ ಕುದುರೆ ತೆಗೆದರು. ಬಸ್ಸು ಬಂಗ್ಲಾ ದಾಟಿತು, ಹೆದ್ದಾರಿ ಹಿಡಿಯಿತು, ರಾಜೇಶ್ವರವೂ ಬಂತು, ಕಾಕಾ ಒಂದು ನಡೆಯನ್ನೂ ತಪ್ಪಲಿಲ್ಲ. ಹನ್ನೊಂದನೇ ನಡೆಗೆ ಪುಸ್ತಕ ಮುಗಿಯಿತು. ಕೊನೆಯ ಸಾಲು ನನ್ನ ಕಣ್ಣ ಮುಂದಿತ್ತು, ‘ಬಿಳಿಗೆ ಮೇಲುಗೈ’. ಇನ್ನು ಹುಮನಾಬಾದ್ ಬರುವವರೆಗೆ ನಿಧಾನ ಮಾಡಿದರೆ ಸಾಕು. ಅಷ್ಟರಲ್ಲಿ ಹಿಂದಿನ ಗಾಲಿ ಢಂ ಎಂದು ಬಸ್ಸು ರಸ್ತೆಯ ಬದಿಗೆ ನಿಂತಿತು.

“ಬಸ್ಸು ನಿಂತಿತು. ಆಟ ಮುಗಿಯಿತು, ನಾನು ಗೆದ್ದೆ” ಎಂದೆ.

“ಹುಮನಾಬಾದ್ ಎಲ್ಲಿ ಬಂತ್ರಿ ಮೇಡಂ?” ಎಂದ ಶಿವರಾಜ. “ಗಾಲಿ ಬದಲಿ ಮಾಡೋತನ ಅರ್ಧ ತಾಸು ಬೇಕು. ಆರಾಮ ಆಡ್ರಿ.” ಪಂಚನ ಮೇಲೂ ಸಿಟ್ಟು ಬಂತು.

ಬೇವಿನ ಮರದ ಕೆಳಗೆ ಕಲ್ಲಿನ ಮೇಲೆ ಕೂತೆವು. ಇಳಿದ ಜನವೆಲ್ಲ ಸುತ್ತ ನಿಂತಿತು. ಕಾಕಾ ಬೋರ್ಡನ್ನು ಬಹಳ ಹೊತ್ತು ನೋಡಿ ತಲೆದೂಗಿದರು. “ಖರೇ ಅದರಿ ಮೇಡಂ, ನಿಮ್ಮ ಆಟ ಮ್ಯಾಲದ. ಯಾಕ ಮ್ಯಾಲದ ಅಂತ ಒಂದು ಮಾತು ಹೇಳ್ರಿ ಸಾಕು. ಇಲ್ಲೇ ಸೋತೆ ಅಂತೀನಿ.”

ನಾನು ಬೋರ್ಡು ನೋಡಿದೆ. ಕಾಯಿಗಳು ನನ್ನನ್ನು ನೋಡಿದವು. ಐದು ವರ್ಷ ಕಾದ ಗೆಲುವು ಒಂದು ಮಾತಿನ ದೂರದಲ್ಲಿತ್ತು, ಆ ಮಾತು ನನಗೆ ಗೊತ್ತಿರಲಿಲ್ಲ. ಕಿಟಕಿಯಾದರೂ ಇದ್ದಿದ್ದರೆ ಅದರ ಕಡೆ ನೋಡಬಹುದಿತ್ತು. ಕೊನೆಗೆ ಬಾಯಿಂದ ಬಂದದ್ದು ಇಷ್ಟು: “ಪುಸ್ತಕದಾಗ ಹಂಗ ಅದ ಕಾಕಾ.”

ಯಾರೋ ನಕ್ಕರು. ಕಾಕಾ ನಗಲಿಲ್ಲ. “ಹಂಗಾದ್ರ ಮುಂದ ಆಡ್ರಿ” ಎಂದರು. ಆಡಿದೆ. ಒಂಬತ್ತು ನಡೆಗೆ ನನ್ನ ರಾಜ ಸಿಕ್ಕಿಬಿದ್ದ. “ಪುಸ್ತಕವೇ ಸುಳ್ಳು” ಎಂದು ನಾನು ಬೋರ್ಡು ಮಡಚಹೋದೆ. ಕಾಕಾ ತಡೆದು, ಕಾಯಿಗಳನ್ನು ಮತ್ತೆ ಹನ್ನೊಂದನೇ ನಡೆಗೆ ಇದ್ದ ಜಾಗಕ್ಕೆ ಜೋಡಿಸಿ, ಬೋರ್ಡನ್ನು ತಿರುಗಿಸಿದರು. ಈಗ ಬಿಳಿ ಅವರದು, ಕಪ್ಪು ನನ್ನದು. ಏಳು ನಡೆಗೆ ಮತ್ತೆ ನಾನೇ ಸೋತೆ. “ನೋಡ್ರಿ, ಪುಸ್ತಕ ಬರೋಬ್ಬರಿ ಹೇಳ್ಯಾದ. ಬಿಳಿದೇ ಮ್ಯಾಲಿತ್ತು” ಎಂದರು. ಅವರ ದನಿಯಲ್ಲಿ ಕುಹಕವಿರಲಿಲ್ಲ. ಇದ್ದಿದ್ದರೆ ಎಷ್ಟೋ ಚಲೋ ಆಗುತ್ತಿತ್ತು, ಬಯ್ಯಲು ಬರುತ್ತಿತ್ತು.

“ಅದಿರಲಿ, ಇವತ್ತೊಂದೇ ದಿನ ಪುಸ್ತಕದಂತೆ ಹೇಗೆ ಆಡಿದಿರಿ?” ಎಂದು ಕೇಳಿದೆ.

ಕಾಕಾ ತಲೆ ತಗ್ಗಿಸಿ ಶೇಂಗಾದ ಸಿಪ್ಪೆ ಊದಿದರು. “ನಿಮ್ಮ ತುಟಿ ಅಲ್ಲಾಡ್ತಾವರಿ ಮೇಡಂ. ಅವರು ಕುದುರೆ, ನಾನು ಒಂಟೆ ಅಂತ ಸಣ್ಣಗ ಅಂತಿರ್ತೀರಿ. ಇಷ್ಟು ವರ್ಷ ನೀವು ಅಂದಿದ್ದು ಬಿಟ್ಟು ಬ್ಯಾರೆ ಆಡಿದೆ. ಇವತ್ತು ಕಡೀ ದಿನ, ನಿಮ್ಮ ಮನಸ್ಸಿನಂಗ ಆಡೋಣ ಅನಸ್ತು.”

ಬಸ್ಸು ಹೊರಟಿತು. ದವಾಖಾನೆಯ ದಾರಿಯಲ್ಲಿ ಕಾಕಾನಿಗೆ ಕೈಮುಗಿದು, ನನ್ನ ಪಾಲಿಗೆ ಉಳಿದ ಸಿಟ್ಟನ್ನೆಲ್ಲ ಕಟ್ಟಿಕೊಂಡು ಶಾಲೆಗೆ ಹೋದೆ. ಚೀಲದಲ್ಲಿದ್ದ ಓಪನಿಂಗ್ ಪುಸ್ತಕವನ್ನು ಸ್ಟಾಫ್ ರೂಮಿನ ಕಪಾಟಿನೊಳಗೆ ಒಗೆದು ಕೀಲಿ ಹಾಕಿದೆ. ಸಂಜೆ ಮನೆಯವರು ಕೇಳುವ ಮೊದಲೇ “ಫೇಲು” ಎಂದು ಹೇಳಿ ಒಳಗೆ ಹೋದೆ.

ಹದಿನೈದು ದಿನಕ್ಕೆ ತಂದೆತಾಯಂದಿರು ಬಂದು ಹೆಡ್‌ಮಾಸ್ತರರ ಮುಂದೆ ತಕರಾರು ತೆಗೆದರು. ಪರೀಕ್ಷೆ ಹತ್ತಿರ ಬಂತು, ಗೈಡು ವಾಪಸ್ ಕೊಡಿಸ್ರಿ ಎಂದು. ನನ್ನ ಮಾತು ಯಾರೂ ಕೇಳಲಿಲ್ಲ. ಕುದಿಯುತ್ತ ಕಪಾಟು ತೆಗೆದು, ಗೈಡುಗಳ ರಾಶಿಯನ್ನು ಎತ್ತಿ ತಂದು ಮೇಜಿನ ಮೇಲೆ ಕುಕ್ಕಿ, ಹಂಚುವ ಕೆಲಸವನ್ನು ಮುಂದಿನ ಬೆಂಚಿನ ಭಾಗ್ಯಶ್ರೀಗೆ ಹೇಳಿದೆ. ಅವಳು ಹೆಸರು ಓದುವಾಗ ನಾನು, ಬಾಯಿಪಾಠ ಮಾಡಿದವರ ಗತಿ ಏನಾಗುತ್ತದೆ ಎಂದು ಮತ್ತೊಮ್ಮೆ ಭಾಷಣ ಶುರು ಮಾಡಿದ್ದೆ. ಎಲ್ಲ ಹಂಚಿಯಾದ ಮೇಲೆ ಅವಳ ಕೈಯಲ್ಲಿ ಖಾಕಿ ರಟ್ಟಿನದೊಂದು ಉಳಿಯಿತು. ಹಾಳೆ ತಿರುವಿ ನೋಡಿದಳು.

“ಮೇಡಂ, ಇದಕ್ಕ ಹೆಸರೇ ಇಲ್ಲರಿ. ಹಾಳಿ ತುಂಬ ಪೆನ್ಸಿಲ್ ಗೀಟು ಅವ. ಪಾಪ, ಪೂರಾ ಬಾಯಿಪಾಠ ಮಾಡ್ಯಾರ. ಯಾರ ಗೈಡರಿ ಇದು?”

ನಲವತ್ತು ಜೊತೆ ಕಣ್ಣು ನನ್ನ ಕಡೆ ತಿರುಗಿದವು.

“ನಂದು. ಕೊಡು ಇಲ್ಲಿ” ಎಂದೆ.