ಬೇವಿನ ನೆರಳಿನ ಮಹಾಸಮರದಲ್ಲಿ ಚಂಪವ್ವನ ಪುನರಾಗಮನ

ಇರುವೆಯ ನಡಿಗೆಯನ್ನೂ ಇಂದ್ರನ ದಂಡಯಾತ್ರೆಯನ್ನೂ ಒಂದೇ ಕಣ್ಣಿನಿಂದ ನೋಡಿ ನಸುನಗುವ ಪರಶಿವನಿಗೆ ಮೊದಲು ಮಣಿದು, ಕಥೆ ಹೇಳುವವರ ನಾಲಗೆಗೆ ತಾಳ್ಮೆಯನ್ನೂ ಕೇಳುವವರ ಕಿವಿಗೆ ಕರುಣೆಯನ್ನೂ ಕೊಡುವ ಶ್ರೀಗುರುವಿಗೆ ಮತ್ತೆ ಮಣಿದು, ಹಿಪ್ಪಲಗಟ್ಟಿಯೆಂಬ ಊರಿನಲ್ಲಿ ನಡೆದ ಛಾಯಾಸಮರದ ಕಥೆಯನ್ನು ಹೇಳುವುದಾದರೆ, ಅದು ವೈಶಾಖಮಾಸದ ಕಾಲ. ಸಹಸ್ರಕಿರಣನು ಊರಿನ ತಗಡಿನ ಮಾಡುಗಳನ್ನು ರೊಟ್ಟಿಯ ಹಂಚಿನಂತೆ ಕಾಯಿಸಿ, ಕೆಳಗೆ ಕುಳಿತ ಮನುಷ್ಯರನ್ನು ಮೇಲಕ್ಕೊಮ್ಮೆ ಕೆಳಕ್ಕೊಮ್ಮೆ ತಿರುವಿಹಾಕುತ್ತಿದ್ದ ಯುಗ.

ಆ ಊರಿಗೆ ಮೇಲಿನ ಓಣಿ, ಕೆಳಗಿನ ಓಣಿ ಎಂದು ಎರಡು ಸಾಮ್ರಾಜ್ಯಗಳು. ಎರಡರ ಗಡಿಯಲ್ಲಿ ಒಂದೇ ಒಂದು ಬೇವಿನ ಮರ, ಅದರ ಸುತ್ತ ಒಂದು ಕಲ್ಲಿನ ಕಟ್ಟೆ. ಊರಿನಲ್ಲಿ ಮಧ್ಯಾಹ್ನ ಮನುಷ್ಯ ಕುಳಿತುಕೊಳ್ಳಬಹುದಾದ ನೆರಳು ಅದೊಂದೇ.

ಮೇಲಿನ ಓಣಿಯ ಅಧಿಪತಿಯೇ ನಮ್ಮ ಕಥಾನಾಯಕ ನಿರುಪಾದೆಪ್ಪ: ಮೂವತ್ತೆರಡು ವರ್ಷ ಬಸ್ ನಿಲ್ದಾಣದಲ್ಲಿ ಟೈಮ್‌ಕೀಪರನಾಗಿ ವಾಹನಸಹಸ್ರಗಳ ಗಮನಾಗಮನಗಳನ್ನು ತೋರುಬೆರಳಿನ ತುದಿಯಲ್ಲಿ ಆಳಿದ, ಸಮಯಸೂಕ್ಷ್ಮವಿಶಾರದ, ಶ್ವೇತಧೋತರಧರ, ನಿವೃತ್ತಿಸಾಗರಮಧ್ಯಪತಿತ ಮಹಾಪುರುಷ. ಅವನಿಗೆ ರಾಜ್ಯ ಬೇಡ, ಕೋಶ ಬೇಡ. ಹಗಲು ಮನೆಯಿಂದ ಹೊರಗೆ ಕುಳಿತು ಹುಲಿ-ಕುರಿ ಆಟ ಆಡಲು ಮೂರು ಮೊಳ ನೆರಳು ಬೇಕು. ಏಕೆಂದರೆ ಮನೆಯೊಳಗೆ ಕುಳಿತರೆ ತಗಡಿನ ಕಾವು ನೆತ್ತಿಯ ಮೇಲೆ, ಹೆಂಡತಿ ಕಸ್ತೂರೆವ್ವನ ಕಣ್ಣು ಬೆನ್ನಿನ ಮೇಲೆ.

"ಖಾಲಿ ಕುಂತೀರಲ್ಲ, ಈ ಕಡ್ಲಿ ಒಂದೀಟು ಹಸನ ಮಾಡ್ರಿ," ಎನ್ನುತ್ತಿದ್ದಳು ಆಕೆ. ಕಲ್ಲು ಹೆಕ್ಕಿ ಹೆಕ್ಕಿ ವೀರನ ಉಗುರುಗಳು ಸವೆದಿದ್ದವು.

ಕಟ್ಟೆಯನ್ನಾದರೋ ಕೆಳಗಿನ ಓಣಿಯ ಅಮೋಗಪ್ಪ ಎಂಬ ಗಜಗಾತ್ರದ ಸೇನಾನಿ ತನ್ನ ದಂಡಿನೊಡನೆ ಯುಗಾದಿಯಿಂದಲೂ ಹಿಡಿದು ಕುಳಿತಿದ್ದ. ಆ ದಂಡು ಅಜೇಯವಾದದ್ದು ತೋಳಿನ ಬಲದಿಂದಲ್ಲ, ಬುತ್ತಿಯ ಬಲದಿಂದ. ಮೇಲಿನ ಓಣಿಯಲ್ಲಿ ಗಂಡಸು ಹೊಸ್ತಿಲೊಳಗೇ ಉಣ್ಣಬೇಕೆಂಬ ಹಿರಿಯರ ಕಟ್ಟಳೆ. ಹೀಗಾಗಿ ಮಧ್ಯಾಹ್ನ ಒಂದು ಗಂಟೆ ಹೊಡೆದರೆ ನಿರುಪಾದೆಪ್ಪನ ಯೋಧರು ಕಟ್ಟೆ ಬಿಟ್ಟು ಏಳಲೇಬೇಕು. ಕೆಳಗಿನ ಓಣಿಯವರಿಗೋ ರೊಟ್ಟಿ, ಪಲ್ಲೆ, ಶೇಂಗಾ ಚಟ್ನಿಗಳ ಬುಟ್ಟಿಗಳು ಹೆಂಗಸರ ತಲೆಯೇರಿ ಕಟ್ಟೆಗೇ ಬರುತ್ತಿದ್ದವು. ಉಂಡು, ತಾಟಿನಲ್ಲೇ ಕೈ ತೊಳೆದು, ಅಲ್ಲೇ ಒರಗುತ್ತಿದ್ದರು. ಎದ್ದರೆ ತಾನೇ ಸೋಲುವುದು?

ಈ ದುರ್ಭೇದ್ಯ ವ್ಯೂಹವನ್ನು ಹಿಂದೊಮ್ಮೆ ಒಡೆದವಳು ಒಬ್ಬಳೇ. ಆಕೆ ಕೆಳಗಿನ ಓಣಿಯವಳೇ ಆದ ಚಂಪವ್ವ. ಮೂರು ವರ್ಷದ ಹಿಂದೆ ಇದೇ ಕಟ್ಟೆಯ ಮೇಲೆ ಬುಟ್ಟಿ ಇಳಿಸಿ, "ಹೊಲದಾಗ ದುಡಿಯೋ ಗಂಡಸಿಗೆ ಬುತ್ತಿ ಒಯ್ಯೂದು ಧರ್ಮ. ಹುಲಿ-ಕುರಿ ಆಡೋ ಗಂಡಸಿಗೆ ಒಯ್ಯೂದು ಯಾವ ಧರ್ಮ? ಉಣ್ಣಾಕ ಮನಿಗೆ ಬರ್ರಿ. ಉಂಡ ತಾಟು ಉಂಡವರೇ ತೊಳೀರಿ," ಎಂದಿದ್ದಳು. ಹನ್ನೊಂದು ದಿನ ಓಣಿಯ ಬುಟ್ಟಿಗಳು ಅಲುಗಲಿಲ್ಲ. ಹನ್ನೆರಡನೆಯ ದಿನ ಕ್ಷುಧಾಪೀಡಿತರಾದ ಹಿರಿಯರು ಸಭೆ ಸೇರಿ, ಆಕೆಯ ಗಂಡನ ಕೈಯಿಂದಲೇ ಟ್ರಂಕಿಗೆ ಹಗ್ಗ ಕಟ್ಟಿಸಿ, ಆಕೆಯನ್ನು ಅಣ್ಣನ ಊರಿಗೆ ಗಡಿಪಾರು ಮಾಡಿದ್ದರು.

ಒಂದು ದಿನ ಕಡಲೆಯ ಮೊರದ ಮುಂದೆ ಕುಳಿತಿದ್ದ ನಿರುಪಾದೆಪ್ಪನ ಚಿತ್ತದಲ್ಲಿ ಮಹಾತಂತ್ರವೊಂದು ಮಿಂಚಿತು. ಕೂಡಲೇ ಮೂರು ಗಾಲಿಯ ಟಂಟಂ ಗಾಡಿಯ ಲಾಡಸಾಬನನ್ನು ಕರೆಸಿ, ಮೊರವನ್ನು ಪಕ್ಕಕ್ಕಿಟ್ಟು, ಮೇಘಗಂಭೀರ ಸ್ವರದಲ್ಲಿ ನುಡಿದ:

"ಕೇಳು ಲಾಡಸಾಬ. ಗಟ್ಟಿ ಗ್ವಾಡಿಗೆ ಗುದ್ದಿದ್ರ ನಮ್ಮ ಕೈನ ಒಡಿತೈತಿ. ಒಳಗ ಒಂದು ಗೆದ್ದಲ ಬಿಟ್ಟರ ಗ್ವಾಡಿ ತಾನ ಬೀಳ್ತೈತಿ. ಮೂವತ್ತೆರಡು ವರ್ಷ ಎಂತೆಂಥಾ ಬಸ್ ಕಳಿಸೇನಿ ನಾ. ಈ ಒಂದು ಗಾಡಿ ಕಳಿಸಿದ್ರ ಅಮೋಗಪ್ಪನ ದಂಡು ದಿಕ್ಕಾಪಾಲು."

"ಗೆದ್ದಲು ಬಲಕ್ಕ ಹೋಗಬೇಕೋ ಎಡಕ್ಕ ಹೋಗಬೇಕೋ ಅಂತ ಕೇಳೂದಿಲ್ರೀ," ಎಂದ ಲಾಡಸಾಬ. "ನಿಮ್ಮ ಮನೀನೂ ದಾರ್ಯಾಗ ಐತಿ."

ಅದು ನಿಜ. ಕೆಳಗಿನ ಓಣಿಗೆ ಗಾಡಿ ಹೋಗುವ ದಾರಿ ಮೇಲಿನ ಓಣಿಯ ನಡುವಿನದೊಂದೇ. ಆದರೆ ಸಮಯಸೂಕ್ಷ್ಮವಿಶಾರದನು ಅದಕ್ಕೂ ಉಪಾಯ ಕಂಡಿದ್ದ: ಗಾಡಿಯ ಮೂರು ಕಡೆಗೂ ತಾಡಪತ್ರಿಯ ಪರದೆ.

ಚಂಪವ್ವ ಅಣ್ಣನ ಮನೆಯ ಪಡಸಾಲೆಯಲ್ಲಿ ಶೇಂಗಾ ಸುಲಿಯುತ್ತಿದ್ದಳು. ಶತ್ರುರಾಜ್ಯದ ಅಧಿಪತಿ ಸ್ವತಃ ಬಂದು ನಿಂತರೂ ಎದ್ದೇಳಲಿಲ್ಲ.

"ನಿರುಪಾದೆಪ್ಪಣ್ಣ, ನನ್ನ ಮ್ಯಾಲ ಇಷ್ಟು ಕರುಣಾ ಯಾವಾಗಿಂದ?"

"ಹೆಣ್ಣಮಗಳು ತನ್ನ ಮನಿ ಬಿಟ್ಟು ಇರೂದು ನೋಡಾಕ ಆಗವಲ್ದು, ತಂಗಿ."

"ಮೂರು ವರ್ಷ ಚೆಂದಂಗ ನೋಡಿದಿ."

ಅವನು ಸಂಧಿಯ ನಿಬಂಧನೆಗಳನ್ನು ವಾಚಿಸಿದ: ಮೇಲಿನ ಓಣಿ ದಾಟುವ ತನಕ ತಾಡಪತ್ರಿ ತೆಗೆಯಬಾರದು. ಅಲ್ಲಿನ ಹೆಣ್ಣುಮಕ್ಕಳೊಡನೆ ಒಂದೂ ಮಾತಾಡಬಾರದು. ಕೆಳಗಿನ ಓಣಿಯಲ್ಲಿ ಕರೆತಂದವರು ಯಾರೆಂದು ಹೇಳಬಾರದು.

ಚಂಪವ್ವ ಸಿಪ್ಪೆಯನ್ನು ಕೊಡವಿ ಎದ್ದಳು. "ನಿನಗ ಕಟ್ಟಿ ಬೇಕು. ನನಗ ನನ್ನ ಮನಿ ಬೇಕು. ಗಾಡಿ ನಿಂದು, ಕೆಲಸ ನಂದು. ಮಾತಿಗೆ ತಪ್ಪೂದಿಲ್ಲ, ನಡಿ."

ಇಂತು ಹೊರಟಿತು ಆ ಮುದ್ರಾಬದ್ಧರಥ: ತ್ರಿಚಕ್ರಶೋಭಿತ, ನೀಲತಾಡಪತ್ರಿಸಮಾವೃತ, ಧೂಮೋದ್ಗಾರಭೀಷಣ. ಮುಂದೆ ಸಾರಥಿಯ ಪಕ್ಕದಲ್ಲಿ ಕೈಗಡಿಯಾರದ ಮೇಲೆ ಕಣ್ಣು ನೆಟ್ಟ ನಿರುಪಾದೆಪ್ಪ. ನಾಲ್ಕೂ ಹತ್ತಕ್ಕೆ ಹಳ್ಳ, ನಾಲ್ಕೂ ಇಪ್ಪತ್ತಕ್ಕೆ ಊರಬಾಗಿಲಿನ ಅಗಸೆ, ನಾಲ್ಕೂ ಇಪ್ಪತ್ತೈದಕ್ಕೆ ಗಡಿ. ಅಗಸೆಯ ತನಕ ಒಂದು ನಿಮಿಷವೂ ಹೆಚ್ಚುಕಡಿಮೆಯಾಗಲಿಲ್ಲ. ಆದರೆ ಅಯ್ಯಾ, ಗಳಿಗೆಯನ್ನು ಗೆದ್ದವನು ವಾರವನ್ನು ಮರೆತಿದ್ದ. ಅಂದು ಶುಕ್ರವಾರ.

ಹೊಸ್ತಿಲು ತೊಳೆದು, ಅರಿಶಿನ ಹಚ್ಚಿ ಆಗಷ್ಟೇ ತಲೆಯೆತ್ತಿದ ಕಸ್ತೂರೆವ್ವನಿಗೆ ತಾಡಪತ್ರಿಯ ಅಂಚಿನಿಂದ ಹೊರಬಿದ್ದ ಸೆರಗೊಂದು, ಅದನ್ನು ಒಳಗೆಳೆಯುತ್ತಿದ್ದ ಹಸಿರುಬಳೆಯ ಕೈಯೊಂದು ಕಂಡವು. ಆಕೆ ರಸ್ತೆಯ ನಡುವೆ ಬಂದು ನಿಂತಳು.

"ಅಕ್ಕಾರು ಅಡ್ಡ ನಿಂತಾರ್ರೀ," ಎಂದು ಸಾರಥಿ ರಥವನ್ನು ನಿಲ್ಲಿಸಿದ.

"ಶುಕ್ರವಾರ ದಿನ ಮುತ್ತೈದಿನ್ನ ಗೋಣಿಚೀಲದಂಗ ಮುಚ್ಚಿಕೊಂಡು ಎಲ್ಲಿಗೆ ಒಯ್ಯಾಕ ಹತ್ತೀರಿ?" ಎಂದು ಕೇಳಿದಳು ಕಸ್ತೂರೆವ್ವ.

"ಅರ್ಜೆಂಟ್ ಐತಿ, ಬಿಡು."

"ಅರಿಶಿಣ ಕುಂಕುಮ ಕೊಟ್ಟು ಉಡಿ ತುಂಬಾಕ ಎಷ್ಟೊತ್ತು? ಮುತ್ತೈದಿ ಬರೇ ಉಡೀಲೆ ಈ ಓಣಿ ದಾಟಿದ್ರ ಓಣಿಗೆ ಕೇಡು ಅಂತ ಊರಿಗೆಲ್ಲಾ ಸಾರಿದವರು ನೀವ ಅಲ್ಲೇನ್ರೀ?"

ಸಾರಿದ್ದು ಹೌದು. ವೀರನು ಕೈಗಡಿಯಾರ ನೋಡಿಕೊಂಡ. ತಾಡಪತ್ರಿ ಸರಿಯಿತು, ನಿರ್ವಾಸಿತೆ ಇಳಿದಳು, ಹೆಂಗಸರು ನೆರೆದರು.

"ಯವ್ವಾ ಚಂಪಕ್ಕಾ, ನೀನೇನ? ಹೆಂಗ ಬಂದಿ?"

ಚಂಪವ್ವ ತುಟಿಯ ಮೇಲೆ ಬೆರಳಿಟ್ಟಳು.

"ಮೌನವ್ರತ ಹಿಡದೀಯೇನ?"

ಆಕೆ ಹೌದೆಂದು ತಲೆಯಾಡಿಸಿದಳು. ನಿರುಪಾದೆಪ್ಪನ ಎದೆ ತಣ್ಣಗಾಯಿತು. ಕ್ರಾಂತಿಕಾರಿಯಾದರೂ ಕೊಟ್ಟ ಮಾತಿಗೆ ನಿಲ್ಲುವವಳು ಎಂದು ಮೆಚ್ಚಿಕೊಂಡ.

ಆದರೆ ಅಕ್ಕಿ, ಕೊಬ್ಬರಿ, ಕುಪ್ಪಸದ ಖಣಗಳಿಂದ ಉಡಿ ತುಂಬುವ ಹೊತ್ತಿನಲ್ಲಿ, ಮಾತಾಡದೆ ಕೇಳುವ ಜೀವವೊಂದು ಸಿಕ್ಕಿತಲ್ಲ ಎಂದು ಹೆಂಗಸರ ಬಾಯಿಗೆ ಬಂತು ಹಬ್ಬ. ದೇವರೂ ಹಾಗೆಯೇ ಅಲ್ಲವೇ, ಸುಮ್ಮನೆ ಕೇಳುತ್ತಾನೆ, ನಮ್ಮ ಮಾತು ನಮಗೇ ತಿರುಗಿ ಕೇಳಿಸುತ್ತದೆ. ಒಬ್ಬಳು ತನ್ನ ಸೊಂಟನೋವು ಹೇಳಿದಳು, ಇನ್ನೊಬ್ಬಳು ಮೈದುನರ ಅಂಗಿಗಳ ರಾಶಿ ಹೇಳಿದಳು. ಕಡೆಗೆ ಕಸ್ತೂರೆವ್ವ ಕುಂಕುಮದ ಬಟ್ಟಲು ಹಿಡಿದೇ ನುಡಿದಳು:

"ಮೂವತ್ತೆಂಟು ವರ್ಷಾತು ಚಂಪಕ್ಕ. ಇವ್ರು ಉಂಡ ತಾಟಿನ್ಯಾಗ ಕೈ ತೊಳದು ಎದ್ದು ಹೋಗ್ತಾರ. ಜ್ವರ ಬಂದಾಗೂ ನಾನ ಎದ್ದು ತಿಕ್ಕೇನಿ. ಯಾಕ ತಿಕ್ಕಿದೆ ಅಂತ ನನಗ ಗೊತ್ತಿಲ್ಲ."

ಚಂಪವ್ವ ಆಕೆಯ ಮುಖ ನೋಡಿದಳು, ಅಷ್ಟೇ. ಗಾಡಿ ಹತ್ತಿದಳು. ಅದು ಹೋದ ಮೇಲೂ ಹೆಂಗಸರು ಬಹಳ ಹೊತ್ತು ಅಲ್ಲೇ ನಿಂತು ತಮ್ಮತಮ್ಮೊಳಗೆ ಮಾತಾಡುತ್ತಿದ್ದರು. ನಿರುಪಾದೆಪ್ಪನ ಲೆಕ್ಕದಲ್ಲಿ ಅದು ಬರೀ ಇಪ್ಪತ್ತು ನಿಮಿಷದ ವಿಳಂಬ.

ಮಾರನೆಯ ದಿನ ರಣಾಂಗಣ. ಒಂದು ಹೊಡೆಯಿತು, ಬುಟ್ಟಿ ಬರಲಿಲ್ಲ. ಒಂದೂವರೆ ಆಯಿತು, ಬುಟ್ಟಿ ಬರಲಿಲ್ಲ. ಗಜಗಾತ್ರನಾದ ಅಮೋಗಪ್ಪ ಓಣಿಯ ಕಡೆಗೆ ನೋಡಿ ನೋಡಿ ಕಡೆಗೆ, "ಚಂಪವ್ವ ಬಂದಾಳಂತ. ನಡೀರಿ, ಇನ್ನ ಬರೂದಿಲ್ಲ," ಎಂದು ಎದ್ದ. ಅವನ ಹಿಂದೆ ದಂಡೆಲ್ಲ ಎದ್ದು ಮನೆಗಳತ್ತ ಸಾಗಿತು.

ಆಗ ಮೇಲಿನ ಓಣಿಯ ಸೇನೆ ಉಣ್ಣುವುದನ್ನೂ ಮರೆತು ಮುನ್ನುಗ್ಗಿತು. ನಿರುಪಾದೆಪ್ಪ ಜಮಖಾನೆಯನ್ನು ಹಾಸಿ, ಬೇವಿನ ಕಾಂಡಕ್ಕೆ ಬೆನ್ನೊತ್ತಿ ಕುಳಿತು, "ಒಂದು ಹನಿ ರಕ್ತ ಚೆಲ್ಲಲಿಲ್ಲ, ಒಂದು ಬೈಗುಳ ಆಡಲಿಲ್ಲ. ಬುದ್ಧಿ ಅಂದ್ರ ಇದು. ಇನ್ನ ನಾ ಸಾಯೂತನಕ ಕಡ್ಲಿ ಹಸನ ಮಾಡೂದಿಲ್ಲ," ಎಂದು ಘೋಷಿಸಿದ. ನೆರಳು ಅವನ ಬೋಳುನೆತ್ತಿಯ ಮೇಲೆ ಶ್ವೇತಚ್ಛತ್ರದಂತೆ ಅಲುಗಿತು. ಆ ಸಾಮ್ರಾಜ್ಯವು ಹದಿನೇಳು ನಿಮಿಷ ಬಾಳಿತು.

ಹದಿನೆಂಟನೆಯ ನಿಮಿಷಕ್ಕೆ ಎರಡೂ ಓಣಿಗಳಿಂದ ಹೆಂಗಸರು ಬುಟ್ಟಿ ಹೊತ್ತು ಬಂದರು. ಯೋಧರ ಮುಖಗಳು ಅರಳಿದವು. ಬುಟ್ಟಿಗಳು ಇಳಿದವು.

"ಸರೀರಿ ಸ್ವಲ್ಪ," ಎಂದಳು ಕಸ್ತೂರೆವ್ವ. "ನಾವು ಉಣ್ಣಬೇಕು."

"ಮತ್ತ ನಮಗ?"

"ಮನ್ಯಾಗ ಐತ್ರೀ. ರೊಟ್ಟಿ ಮುಚ್ಚಿಟ್ಟೇನಿ, ಹಾಕ್ಕೊಂಡು ಉಣ್ರಿ. ತಾಟು ನಲ್ಲಿಗೆ ಒಯ್ಯಿರಿ, ಬಚ್ಚಲದಾಗ ನೀರಿಲ್ಲ."

ನಿರುಪಾದೆಪ್ಪ ಚಂಪವ್ವನತ್ತ ತಿರುಗಿದ. "ಏನೂ ಮಾತಾಡೂದಿಲ್ಲ ಅಂದಿದ್ದಿ."

"ಆಡೇ ಇಲ್ಲಲ್ಲಣ್ಣ," ಎಂದಳು ಚಂಪವ್ವ, ರೊಟ್ಟಿ ಮುರಿಯುತ್ತ. "ನಿನ್ನ ಮನಿಯಾಕಿನ್ನ ಕೇಳು."

ಜಮಖಾನೆಯನ್ನು ವಾಪಸು ಕೇಳುವ ಧೈರ್ಯವಾಗಲಿಲ್ಲ; ಅದರ ಮೇಲೆ ಆಗಲೇ ನಾಲ್ವರು ಕುಳಿತಿದ್ದರು. ವಿಜಯಿಯಾದ ವೀರನು ಕಾದ ತಗಡಿನ ಕೆಳಗೆ ಒಬ್ಬನೇ ಕುಳಿತು ಉಂಡ. ಅಭ್ಯಾಸಬಲದಿಂದ ತಾಟಿನಲ್ಲಿ ಕೈ ತೊಳೆದ. ಒಂದು ಗಳಿಗೆ ಅದನ್ನೇ ನೋಡಿದ. ಆಮೇಲೆ ಎತ್ತಿಕೊಂಡು ನಡೆದ.

ಊರ ನಲ್ಲಿಯ ಬಳಿ ಬಿಸಿಲಿನಲ್ಲಿ ಅಮೋಗಪ್ಪ ಮೊದಲೇ ಕುಕ್ಕರಗಾಲಿನಲ್ಲಿ ಕುಳಿತು ತಾಟು ತಿಕ್ಕುತ್ತಿದ್ದ. ಯುಗಾದಿಯಿಂದ ಒಬ್ಬರ ಮುಖ ಒಬ್ಬರು ನೋಡದ ಇಬ್ಬರು ಮಹಾರಥಿಗಳು ಪಕ್ಕಪಕ್ಕದಲ್ಲಿ ಕುಳಿತರು. ಅಮೋಗಪ್ಪ ಬೂದಿಯ ಚಿಪ್ಪನ್ನು ಇತ್ತ ಸರಿಸಿದ. ನಿರುಪಾದೆಪ್ಪ ತಿಕ್ಕಿ, ತೊಳೆದು, ತಾಟನ್ನು ಬಿಸಿಲಿಗೆ ಹಿಡಿದು ನೋಡಿದ. ಫಳಫಳ ಹೊಳೆಯಿತು.

"ಹಿಂದ ತಿರುವಿ ನೋಡು," ಎಂದ ಅಮೋಗಪ್ಪ. "ಅಲ್ಲಿ ಪಲ್ಲೆ ಹತ್ತಿರ್ತೈತಿ."

ತಿರುವಿ ನೋಡಿದ. ಹತ್ತಿತ್ತು.