ತಿಕೋಟಾದಲ್ಲಿ ಒಂದು ಜಗಳಕ್ಕಾಗಿ

ಗಂಡ ಹೆಂಡಿರ ಜಗಳಕ್ಕೆ ಕಿವಿಗೊಡುವುದು ಸಭ್ಯರ ಕೆಲಸವಲ್ಲ ಎಂದು ನನಗೂ ಗೊತ್ತು. ಏನು ಮಾಡಲಿ, ನನ್ನ ಹೊಟ್ಟೆಪಾಡೇ ಅಂಥದ್ದು. ಹಳ್ಳಿಯ ಸಾಮಾನ್ಯ ಜನರ ಬದುಕನ್ನು ಇದ್ದದ್ದು ಇದ್ದ ಹಾಗೆ ಹಿಡಿದು ಸಾಕ್ಷ್ಯಚಿತ್ರ ಮಾಡುವವನು ನಾನು. ತೊಂದರೆಯೆಂದರೆ, ಕ್ಯಾಮೆರಾ ಕಂಡೊಡನೆ ಸಾಮಾನ್ಯ ಜನ ಸಾಮಾನ್ಯರಾಗಿ ಉಳಿಯುವುದಿಲ್ಲ. ಬಬಲೇಶ್ವರದ ಟೇಲರೊಬ್ಬ ಮಗನ ಮದುವೆಯ ಕೋಟು ತೊಟ್ಟು, ಬೆವರು ಒರೆಸಿಕೊಳ್ಳುತ್ತ, ಹರಿದ ಗೋಣಿಚೀಲಕ್ಕೆ ತೇಪೆ ಹಾಕಿ ತೋರಿಸಿದ್ದ.

ಹಾಗಾಗಿ ತಿಕೋಟಾದ ಮಲ್ಲಪ್ಪ, ಶಾಂತವ್ವ ದಂಪತಿ ಸಿಕ್ಕಾಗ ನನಗೆ ನಿಧಿ ಸಿಕ್ಕಷ್ಟು ಖುಷಿಯಾಯಿತು. ದ್ರಾಕ್ಷಿ ಒಣಗಿಸುವ ಶೆಡ್ಡಿನಲ್ಲಿ ಬೆಳಗಾದರೆ ಇವರ ಜಗಳ.

"ಪರದಿ ಯಾಕ ಎತ್ತಿದ್ರಿ? ಧೂಳೆಲ್ಲಾ ದ್ರಾಕ್ಷಿ ಮ್ಯಾಲ ಕುಂದ್ರಾಕತ್ತೈತಿ!"

"ಗಾಳಿ ಆಡದಿದ್ರ ಹೆಂಗ ಒಣಗತಾವ, ನಿನ್ನ ತಲಿ!"

ಆಸೆಯಿಂದ ಕ್ಯಾಮೆರಾ ಹಚ್ಚಿದೆ. ಮಲ್ಲಪ್ಪ ಗಂಟಲು ಸರಿಮಾಡಿಕೊಂಡು, "ಶಾಂತವ್ವಾರ, ಜರಾ ನೀರು ಕೊಡ್ರಿ" ಎಂದ. ಆಕೆ ತಲೆಯ ಮೇಲೆ ಸೆರಗೆಳೆದುಕೊಂಡು, "ತಗೋರಿ" ಎಂದಳು. ಹೊಸದಾಗಿ ಮದುವೆಯಾದವರೂ ಇಷ್ಟು ನಾಜೂಕಾಗಿರಲಾರರು.

"ದಯವಿಟ್ಟು ಜಗಳ ಆಡ್ರಿ" ಎಂದು ಕೈಮುಗಿದೆ.

"ಮಂದಿ ಮುಂದ ಹೆಂಗ ಆಡೂದ್ರಿ ಯಪ್ಪಾ? ಅದೆಲ್ಲಾ ನಮ್ಮನಮ್ಮೊಳಗ," ಎಂದಳು ಶಾಂತವ್ವ. "ನೀವು ಮನ್ಯಾಗ ಆಡೂದಿಲ್ಲೇನು?"

ಆಡುತ್ತಿದ್ದೆವು. ನನ್ನವಳಿಗೆ ಬ್ಯಾಂಕಿನಲ್ಲಿ ಕೆಲಸ. ಹೋದ ವರ್ಷ ಕಾರವಾರಕ್ಕೆ ವರ್ಗವಾಯಿತು. ವಿಜಯಪುರದ ಸೊಲ್ಲಾಪುರ ರಸ್ತೆಯ ನಮ್ಮ ಬಾಡಿಗೆ ಮನೆಯಲ್ಲಿ ಹಾಸಿಗೆ ಮೇಲಿನ ಒದ್ದೆ ಟವೆಲ್ಲಿನಿಂದ ಶುರುವಾದ ಜಗಳ ನನ್ನ ಸೋದರತ್ತೆಯವರೆಗೆ ಸರಾಗವಾಗಿ ಹೋಗುತ್ತಿತ್ತು. ಈಗ ಟವೆಲ್ಲು ಎಲ್ಲಿ ಬಿದ್ದರೂ ಕೇಳುವವರಿಲ್ಲ. ಫೋನಿನಲ್ಲಿ "ಊಟ ಆತ್ರಿ?" "ಆತು, ನಿಂದು?" ಅಷ್ಟೇ. ಶೆಡ್ಡಿನ ನೆರಳಿನಲ್ಲಿ ನಿಂತವನಿಗೆ ಅವಳ ನೆನಪಾಯಿತು. ಅವಳು ಒಮ್ಮೆ ಬಾಯ್ತುಂಬ ಬೈದರೆ ಸಾಕೆನಿಸಿತು.

ಹೊರಗೆ ಬಂದು ಫೋನ್ ಮಾಡಿದೆ. "ಚಹಾಪುಡಿ ಡಬ್ಬಿ ಎಲ್ಲಿಟ್ಟು ಹೋಗೀದಿ? ಒಂದರೆ ಸಾಮಾನು ಜಾಗಾದಾಗ ಇಡ್ತೀಯೇನು ನೀನು?" ಎಂದು ದಬಾಯಿಸಿದೆ. ಊರು ಬಿಟ್ಟು ವರ್ಷವಾದವಳ ಮೇಲೆ ಇಂಥ ಆಪಾದನೆ! ಇನ್ನು ನನ್ನ ಸೋದರತ್ತೆಗೆ ಉಳಿಗಾಲವಿಲ್ಲ ಎಂದುಕೊಂಡು ಕಿವಿ ನಿಮಿರಿಸಿ ಕಾದೆ.

ಅವಳು ಮೆಲ್ಲಗೆ, "ನಂದೇ ತಪ್ಪಾತು ಬಿಡ್ರಿ" ಎಂದಳು.

ಮದುವೆಯಾದಂದಿನಿಂದ ಅವಳ ಬಾಯಲ್ಲಿ ಈ ಮಾತು ಕೇಳಿರಲಿಲ್ಲ. ಹಾಗಾದರೆ ಅವಳ ಪಾಲಿಗೆ ನಾನೂ ಮಂದಿಯಾದೆನೇ?

ಕ್ಯಾಮೆರಾವನ್ನು ಮಲ್ಲಪ್ಪನ ಸುಪರ್ದಿಗೆ ಒಪ್ಪಿಸಿ, ವಿಜಯಪುರಕ್ಕೆ ಬಂದು, ಕಾರವಾರಕ್ಕೆಂದು ಹುಬ್ಬಳ್ಳಿ ಬಸ್ಸು ಹತ್ತಿದೆ. ಹೋದಕೂಡಲೇ ಜಗಳ ತೆಗೆಯಬೇಕಲ್ಲ, ಅವಳಲ್ಲಿ ಯಾವ ತಪ್ಪು ಹುಡುಕಲಿ ಎಂದು ದಾರಿಯುದ್ದಕ್ಕೂ ತಲೆ ಕೆರೆದುಕೊಂಡೆ. ಹುಬ್ಬಳ್ಳಿ ಬಂದರೂ ಒಂದೂ ಸಿಕ್ಕಿರಲಿಲ್ಲ.